ಬೆಂಗಳೂರು ಎಫ್‌ಸಿ ಪಂದ್ಯಗಳನ್ನು ಮಲೆನಾಡಿನಲ್ಲಿ ನೋಡುವುದು ಹೇಗೆ?

ಪ್ರಶ್ನೆ (ತೀರ್ಥಹಳ್ಳಿ ಕಡೆಯಿಂದ): 2019ರ ಮಾರ್ಚ್‌ನಲ್ಲಿ ರಾಹುಲ್ ಭೆಕೆ ಹೆಚ್ಚುವರಿ ಸಮಯದಲ್ಲಿ ಹೆಡ್ ಮಾಡಿದ ಗೋಲಿನಿಂದ ನಮ್ಮ ತಂಡ ಗೋವಾವನ್ನು ಮಣಿಸಿ ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) ಫುಟ್‌ಬಾಲ್ ಗೆದ್ದಾಗ, ಅಡಿಕೆ ಸುಲಿಯುವ ಚಪ್ಪರದ ಪಕ್ಕದ ಟಿವಿಯಲ್ಲೇ ಅದನ್ನು ಕಂಡಿದ್ದೆ. ಈಗ ಅದೇ ಚಾನೆಲ್‌ನಲ್ಲಿ ಪಂದ್ಯಗಳು ಸಿಗುತ್ತಿಲ್ಲ. ಮೊಬೈಲ್‌ನಲ್ಲಿ ನೋಡೋಣವೆಂದರೆ ತೋಟದ ಮನೆಗೆ ನೆಟ್‌ವರ್ಕ್ ಸರಿಯಾಗಿ ಬರುವುದಿಲ್ಲ. ತಿಳಿದವರು ದಾರಿ ಹೇಳಬೇಕಾಗಿ ವಿನಂತಿ.

ಉತ್ತರ (ಸಾಗರ): ಪ್ರಸಾರದ ಹಕ್ಕು ಕೈ ಬದಲಾಯಿಸುತ್ತಿರುವುದೇ ಇದಕ್ಕೆ ಕಾರಣ. ಮೊದಲು ಸ್ಟಾರ್ ಸ್ಪೋರ್ಟ್ಸ್‌ನಲ್ಲಿದ್ದ ಐಎಸ್‌ಎಲ್, 2023-24ರಲ್ಲಿ ಸ್ಪೋರ್ಟ್ಸ್18 ಮತ್ತು ಜಿಯೋಸಿನಿಮಾಕ್ಕೆ ಹೋಯಿತು. 2025ರ ಫೆಬ್ರವರಿಯಲ್ಲಿ ಜಿಯೋಸಿನಿಮಾವೂ ಹಾಟ್‌ಸ್ಟಾರ್‌ನೊಂದಿಗೆ ಸೇರಿ ಜಿಯೋಹಾಟ್‌ಸ್ಟಾರ್ ಆಯಿತು. ಆದ್ದರಿಂದ ವರ್ಷದ ಪ್ಯಾಕ್‌ಗೆ ಹಣ ಕಟ್ಟುವ ಮುನ್ನ, ಆ ಋತುವಿನ ಪ್ರಸಾರಕರು ಯಾರೆಂದು ಕ್ಲಬ್‌ನ ಅಧಿಕೃತ ಪುಟದಲ್ಲಿ ನೋಡಿಕೊಳ್ಳಿ.

ಉತ್ತರ (ಹೊಸನಗರ): ನೆಟ್‌ವರ್ಕ್ ದುರ್ಬಲವಾಗಿದ್ದರೆ ಡಿಶ್ ಸಂಪರ್ಕವೇ ಮೇಲು. ಆದರೆ ಡ್ಯುರಾಂಡ್ ಕಪ್ ಫುಟ್‌ಬಾಲ್ ಪಂದ್ಯಾವಳಿ ಸಾಮಾನ್ಯವಾಗಿ ಮಳೆಗಾಲದಲ್ಲಿ ನಡೆಯುವುದರಿಂದ, ದಟ್ಟ ಮಳೆಹನಿಗಳು ಸಿಗ್ನಲ್ಲನ್ನು ಹೀರಿಕೊಂಡು ಪರದೆ ಕಪ್ಪಾಗುತ್ತದೆ. ಇದಕ್ಕೆ ಡಿಶ್ ತಿರುಗಿಸಿ ಪ್ರಯೋಜನವಿಲ್ಲ, ಮಳೆಯ ರಭಸ ಇಳಿಯುವವರೆಗೆ ಕಾಯಬೇಕು. ತೆಂಗಿನ ಗರಿ ಅಡ್ಡ ಬಂದಿದ್ದರೆ ಮಾತ್ರ ಅದನ್ನು ಕಡಿಸಿಬಿಡಿ.

ಉತ್ತರ (ಶಿವಮೊಗ್ಗ): ವರ್ಷಕ್ಕೊಮ್ಮೆಯಾದರೂ ಕಂಠೀರವ ಕ್ರೀಡಾಂಗಣಕ್ಕೇ ಹೋಗಿ ಬನ್ನಿ. ಮೆಜೆಸ್ಟಿಕ್‌ನಿಂದ ನೇರಳೆ ಮಾರ್ಗದ ಮೆಟ್ರೋ ಹಿಡಿದು ಕಬ್ಬನ್ ಪಾರ್ಕ್ ನಿಲ್ದಾಣದಲ್ಲಿ ಇಳಿದರೆ ಅಲ್ಲಿಂದ ನಡೆದೇ ತಲುಪಬಹುದು. ಪಂದ್ಯ ಮುಗಿದ ಮೇಲೆ ತಾಳಗುಪ್ಪದ ರಾತ್ರಿ ರೈಲು ಹತ್ತಿ ಊರಿಗೆ ಮರಳಬಹುದು, ಟಿಕೆಟ್ ಮಾತ್ರ ಮೊದಲೇ ಕಾಯ್ದಿರಿಸಿ. ಪಶ್ಚಿಮ ಬದಿಯಲ್ಲಿ ನಿಂತು ಹಾಡುವ ಅಭಿಮಾನಿಗಳ ದನಿ ಯಾವ ಟಿವಿಯಲ್ಲೂ ಹಾಗೆ ಕೇಳುವುದಿಲ್ಲ.