ಗಾಸ್‌ನ 1854ರ ಉಪ್ಪುನೀರು ಶಿರಸಿಯಲ್ಲಿ ನಡೆದೀತೇ?

ಮಾರಿಕಾಂಬಾ ಬೀದಿ, ಶಿರಸಿ:
ಕಾಲೇಜಿನ ವಿಜ್ಞಾನ ಪ್ರದರ್ಶನಕ್ಕೆ 19ನೇ ಶತಮಾನದ ಇಂಗ್ಲಿಷ್ ಪ್ರಕೃತಿ ವಿಜ್ಞಾನಿ ಫಿಲಿಪ್ ಹೆನ್ರಿ ಗಾಸ್ ಕುರಿತು ಒಂದು ಫಲಕ ಮಾಡುತ್ತಿದ್ದೇವೆ. ಪಕ್ಕದಲ್ಲೇ ಅವನ ಸೂತ್ರದ ಕೃತಕ ಸಮುದ್ರದ ನೀರು ತುಂಬಿದ 20 ಲೀಟರಿನ ಗಾಜಿನ ತೊಟ್ಟಿ, ಅದರಲ್ಲಿ ಕಾರವಾರದ ಒಂದೆರಡು ಅನಿಮೋನ್ (ಬಂಡೆಗೆ ಅಂಟಿ ಬದುಕುವ, ಹೂವಿನಂತೆ ಕಾಣುವ ಕಡಲ ಪ್ರಾಣಿ). ಅಕ್ವೇರಿಯಂ ಕಂಡುಹಿಡಿದವನು ಅವನೇ ಅಂತ ಬರೆಯಬಹುದಾ? ಅವನ ಉಪ್ಪಿನ ಲೆಕ್ಕ ಗ್ರಾಂನಲ್ಲಿ ಎಷ್ಟಾಗುತ್ತದೆ? ಪಂಪ್ ಇಲ್ಲದೆ, ಬರೀ ಪಾಚಿ ಇಟ್ಟು ನಡೆಸಬಹುದಾ?

ಕೋಡಿಬಾಗ:
ಹಾಗೆ ಬರೆಯಬೇಡಿ, ತಪ್ಪಾಗುತ್ತದೆ. ಆನಾ ಥಿನ್ ಎಂಬಾಕೆ 1846ರಲ್ಲೇ ಇಂಗ್ಲೆಂಡಿನ ಕಡಲೂರು ಟಾರ್ಕಿಯಿಂದ ಹವಳದ ಜೀವಿಗಳನ್ನು ಲಂಡನ್ನಿಗೆ ತಂದು ಸಾಕಿದ್ದಳು. ನೀರಿಗೆ ಗಾಳಿ ಸೇರಲೆಂದು ಮನೆಗೆಲಸದವಳಿಂದ ಪಾತ್ರೆಯಿಂದ ಪಾತ್ರೆಗೆ ಸುರಿಸುತ್ತಿದ್ದಳು. ಗಿಡ, ಮೀನು, ಬಸವನಹುಳು ಒಂದೇ ತೊಟ್ಟಿಯಲ್ಲಿ ಒಂದನ್ನೊಂದು ಬದುಕಿಸುತ್ತವೆ ಅಂತ ಸಿಹಿನೀರಿನಲ್ಲಿ ತೋರಿಸಿಕೊಟ್ಟವನು ರಸಾಯನಶಾಸ್ತ್ರಜ್ಞ ರಾಬರ್ಟ್ ವಾರಿಂಗ್ಟನ್, 1850ರಲ್ಲಿ. ಗಾಸ್ ಮಾಡಿದ್ದು ಇದನ್ನು ಜನಸಾಮಾನ್ಯರ ಮನೆಗೆ ಮುಟ್ಟಿಸಿದ ಕೆಲಸ. 1853ರಲ್ಲಿ ಲಂಡನ್ ಮೃಗಾಲಯದ ಮತ್ಸ್ಯಾಲಯ ತೆರೆದಾಗ ಅಲ್ಲಿಗೆ ಜೀವಿಗಳನ್ನು ಒದಗಿಸಿದವರಲ್ಲಿ ಅವನೂ ಒಬ್ಬ. ಮರುವರ್ಷ 'ದಿ ಅಕ್ವೇರಿಯಂ' ಪುಸ್ತಕ ಬಂತು, ಹುಚ್ಚು ಹಬ್ಬಿತು.

ಫಲಕಕ್ಕೆ ಇಷ್ಟು ಸಾಕು: ಹುಟ್ಟಿದ್ದು 1810, ವೂಸ್ಟರ್‌ನಲ್ಲಿ. ತಂದೆ ಊರೂರು ತಿರುಗಿ ಪುಟ್ಟ ಭಾವಚಿತ್ರ ಬಿಡಿಸುತ್ತಿದ್ದವನು, ಮಗನ ಕೈಗೆ ಚಿತ್ರಕಲೆ ಬಂದದ್ದು ಅಲ್ಲಿಂದ. 1827ರಲ್ಲಿ ನ್ಯೂಫೌಂಡ್‌ಲ್ಯಾಂಡಿನಲ್ಲಿ ಗುಮಾಸ್ತ, 1835ರಿಂದ ಕೆನಡಾದಲ್ಲಿ ಬೇಸಾಯ (ಕೈಹತ್ತಲಿಲ್ಲ), 1838ರಲ್ಲಿ ಅಲಬಾಮಾದಲ್ಲಿ ಶಾಲಾ ಮಾಸ್ತರಿಕೆ, 1844ರಿಂದ 46ರವರೆಗೆ ಜಮೈಕಾದಲ್ಲಿ ಹಕ್ಕಿಗಳ ಅಧ್ಯಯನ. ಆರೋಗ್ಯ ಕೆಟ್ಟು 1852ರಲ್ಲಿ ಇಂಗ್ಲೆಂಡಿನ ಡೆವನ್ ಕಡಲತೀರಕ್ಕೆ ಹೋದ ಮೇಲೆಯೇ ನಿಜವಾದ ಕಡಲ ಕೆಲಸ ಶುರು. ವಿಶ್ವವಿದ್ಯಾಲಯದ ಮೆಟ್ಟಿಲು ಹತ್ತದವನು 1856ರಲ್ಲಿ ರಾಯಲ್ ಸೊಸೈಟಿಯ ಫೆಲೋ ಆದ.

1857 ಕೆಟ್ಟ ವರ್ಷ. ಹೆಂಡತಿ ಎಮಿಲಿ ಸ್ತನ ಕ್ಯಾನ್ಸರಿನಿಂದ ತೀರಿಕೊಂಡಳು. ದೇವರು ಭೂಮಿಯನ್ನು ಪಳೆಯುಳಿಕೆಗಳ ಸಮೇತವೇ ಸೃಷ್ಟಿಸಿದ ಎಂದು ವಾದಿಸಿದ 'ಓಂಫಲೋಸ್' ಅದೇ ವರ್ಷ ಹೊರಬಂದು ನೆಲಕಚ್ಚಿತು. ಜನ ಅವನನ್ನು ಈಗಲೂ ಇದೊಂದರಿಂದಲೇ ಅಳೆಯುತ್ತಾರೆ, ಅದು ಅನ್ಯಾಯ. ಬ್ರಿಟನ್ನಿನ ಅನಿಮೋನ್‌ಗಳ ಮೇಲೆ 1858–60ರಲ್ಲಿ ಬಂದ 'ಆಕ್ಟಿನೋಲೋಜಿಯಾ ಬ್ರಿಟಾನಿಕಾ'ದ ಬಣ್ಣದ ಚಿತ್ರಗಳನ್ನು ನೋಡಿ ಆಮೇಲೆ ಮಾತಾಡಬೇಕು. ತೀರಿಕೊಂಡದ್ದು 1888ರಲ್ಲಿ.

ಉಪ್ಪಿನ ಆಗರ:
ಲೆಕ್ಕ ಹೀಗಿದೆ. ಗಾಸ್ ಹೇಳಿದ್ದು: ಅಡುಗೆ ಉಪ್ಪು ಮೂರೂವರೆ ಔನ್ಸ್, ಎಪ್ಸಮ್ ಉಪ್ಪು (ಮೆಗ್ನೀಸಿಯಂ ಸಲ್ಫೇಟ್) ಕಾಲು ಔನ್ಸ್, ಮೆಗ್ನೀಸಿಯಂ ಕ್ಲೋರೈಡ್ 200 ಗ್ರೇನ್ (ಒಂದು ಗ್ರೇನ್ ಅಂದರೆ ಸುಮಾರು 0.065 ಗ್ರಾಂ), ಪೊಟ್ಯಾಸಿಯಂ ಕ್ಲೋರೈಡ್ 40 ಗ್ರೇನ್, ಇಷ್ಟಕ್ಕೆ ನಾಲ್ಕು ಕ್ವಾರ್ಟ್‌ಗಿಂತ ತುಸು ಕಡಿಮೆ ನೀರು. ಬ್ರಿಟಿಷ್ ನಾಲ್ಕು ಕ್ವಾರ್ಟ್ ಅಂದರೆ 4.55 ಲೀಟರ್. ನಿಮ್ಮ 20 ಲೀಟರಿಗೆ ಕ್ರಮವಾಗಿ 436, 31, 57 ಮತ್ತು 11.4 ಗ್ರಾಂ ಬರುತ್ತದೆ.

ಇದನ್ನು ಇದ್ದಂತೆ ಮಾಡಿದರೆ ಎರಡು ಕಡೆ ಎಡವುತ್ತೀರಿ. ಒಂದು, ನೀರು ಸಪ್ಪೆ: ನೀರಿನ ಸಾಂದ್ರತೆ ಅಳೆಯುವ ಹೈಡ್ರೋಮೀಟರ್ 1.018ರಿಂದ 1.020 ತೋರಿಸೀತು, ಬೇಕಾದ್ದು 1.023–1.025. ಈಗ ಅಂಗಡಿಯಲ್ಲಿ ಸಿಗುವ ಮೆಗ್ನೀಸಿಯಂ ಕ್ಲೋರೈಡ್ ಹರಳಿನ ತೂಕದಲ್ಲಿ ಅರ್ಧಕ್ಕೂ ಹೆಚ್ಚು ನೀರೇ, ಅದೂ ಒಂದು ಕಾರಣ. ಎರಡನೆಯದು ದೊಡ್ಡದು. ಸೂತ್ರದಲ್ಲಿ ಸುಣ್ಣದ ಅಂಶ ಇಲ್ಲವೇ ಇಲ್ಲ. ಲಂಡನ್ನಿನ ಗಡಸು ನೀರಿನಲ್ಲಿ ಕ್ಯಾಲ್ಸಿಯಂ ತಾನಾಗಿಯೇ ಇರುತ್ತದೆ. ನಮ್ಮ ಜಂಬಿಟ್ಟಿಗೆ ನೆಲದ ಬಾವಿ ನೀರು ಮೆದು, ಸ್ವಲ್ಪ ಹುಳಿ ಕೂಡ. ಅದರಲ್ಲಿ ಪಿಎಚ್ ಕುಸಿಯುತ್ತದೆ, ಚಿಪ್ಪಿನ ಜೀವಿಗಳು ಮೊದಲು ಸೊರಗುತ್ತವೆ.

ಫಲಕದಲ್ಲಿ ಗಾಸ್‌ನ ಅಂಕಿ ಇರಲಿ, ತೊಟ್ಟಿಗೆ ಇದನ್ನು ಹಾಕಿ. 20 ಲೀಟರಿಗೆ ಅಯೋಡಿನ್ ಸೇರಿಸದ ಉಪ್ಪು 470 ಗ್ರಾಂ, ಮೆಗ್ನೀಸಿಯಂ ಕ್ಲೋರೈಡ್ ಹರಳು 216, ನೀರಿಲ್ಲದ ಸೋಡಿಯಂ ಸಲ್ಫೇಟ್ 80, ಪೊಟ್ಯಾಸಿಯಂ ಕ್ಲೋರೈಡ್ 14, ಅಡುಗೆ ಸೋಡಾ 4, ಕ್ಯಾಲ್ಸಿಯಂ ಕ್ಲೋರೈಡ್ ಡೈಹೈಡ್ರೇಟ್ 30 ಗ್ರಾಂ. ಕ್ಯಾಲ್ಸಿಯಂ ಅನ್ನು ಬೇರೆ ಒಂದು ಲೀಟರ್ ನೀರಲ್ಲಿ ಕರಗಿಸಿ, ಉಳಿದದ್ದೆಲ್ಲ ಪೂರ್ತಿ ಕರಗಿದ ಮೇಲೆ, ಕಲಕುತ್ತ ನಿಧಾನ ಸುರಿಯಿರಿ. ಗಟ್ಟಿ ದ್ರಾವಣದಲ್ಲಿ ಒಟ್ಟಿಗೆ ಸುರಿದರೆ ಬಿಳಿ ಗಸಿಯಾಗಿ ತಳಕ್ಕೆ ಕೂರುತ್ತದೆ. ಗೋಕರ್ಣದ ಕಡೆಯ ಸಾಣಿಕಟ್ಟಾ ಉಪ್ಪು ಬಳಸುವುದಾದರೆ ಮೊದಲು ಕರಗಿಸಿ, ಮಣ್ಣು ಕೂರಿಸಿ, ಬಟ್ಟೆಯಲ್ಲಿ ಸೋಸಿ.

ತಾಮ್ರದ ಹಂಡೆಯಲ್ಲಿ ಕಲಸಬೇಡಿ. ತೋಟಕ್ಕೆ ಬೋರ್ಡೋ (ಮೈಲುತುತ್ತ-ಸುಣ್ಣದ ದ್ರಾವಣ, ಅದರಲ್ಲಿ ತಾಮ್ರವಿದೆ) ಹೊಡೆಯುವ ಬಕೆಟ್ಟಂತೂ, ಎಷ್ಟು ತೊಳೆದಿದ್ದರೂ, ಹತ್ತಿರ ತರಬೇಡಿ. ಬೆನ್ನೆಲುಬಿಲ್ಲದ ಕಡಲ ಜೀವಿಗಳಿಗೆ ತಾಮ್ರ ಚೂರು ಇದ್ದರೂ ವಿಷ.

ಕೋಡಿಬಾಗ:
ಪಂಪ್ ಬಗ್ಗೆ: ಗಾಸ್ ನಂಬಿದ್ದು ಹಸಿರು ಪಾಚಿಯನ್ನು. ಉಲ್ವ ಎಂಬ ಆ ಪಾಚಿ ಬೆಳೆದ ಕಲ್ಲುಗಳನ್ನು ಹೊಸ ನೀರಲ್ಲಿ ವಾರದಷ್ಟು ಇಟ್ಟು ಆಮೇಲೆ ಪ್ರಾಣಿ ಬಿಟ್ಟ. ಆದರೆ ಅವನದು ಚಳಿ ನಾಡು. 10 ಡಿಗ್ರಿಯ ಸಮುದ್ರದ ನೀರು ಲೀಟರಿಗೆ ಸುಮಾರು 9 ಮಿಲಿಗ್ರಾಂ ಆಮ್ಲಜನಕ ಹಿಡಿದಿಟ್ಟರೆ, 30 ಡಿಗ್ರಿಯಲ್ಲಿ ಆರರ ಚಿಲ್ಲರೆ. ರಾತ್ರಿ ಪಾಚಿಯೂ ಆಮ್ಲಜನಕ ಎಳೆಯುತ್ತದೆ, ಬೆಳಗಾಗುವಷ್ಟರಲ್ಲಿ ತೊಟ್ಟಿ ಉಸಿರುಗಟ್ಟಿರುತ್ತದೆ. ಪಂಪಿನ ಗಾಳಿಯನ್ನು ಸಣ್ಣ ಗುಳ್ಳೆಗಳಾಗಿ ಬಿಡುವ ಏರ್ ಸ್ಟೋನ್ ಹಾಕಿ. ನೀರಿನ ಮಟ್ಟಕ್ಕೆ ಗಾಜಿನ ಮೇಲೆ ಗೆರೆ ಎಳೆದು, ಆವಿಯಾದಷ್ಟನ್ನು ಸಿಹಿನೀರಿನಿಂದಲೇ ತುಂಬಿ; ಉಪ್ಪು ಆವಿಯಾಗುವುದಿಲ್ಲ.

ಮಾರಿಕಾಂಬಾ ಬೀದಿ, ಶಿರಸಿ:
ಅನಿಮೋನ್ ಕೀಳುವುದು ಹೇಗೆ? ಪ್ರದರ್ಶನ ಜನವರಿಯಲ್ಲಿ.

ಬೈತಖೋಲ್:
ಕೀಳಬಾರದು, ಅದೇ ವಿಷಯ. ಅದರ ಪಾದ ಬಂಡೆಗೆ ಕಚ್ಚಿಕೊಂಡಿರುತ್ತದೆ, ಎಳೆದರೆ ತಳ ಹರಿದು ಒಂದೆರಡು ದಿನದಲ್ಲಿ ಕೊಳೆಯುತ್ತದೆ. ಗಾಸ್ ಸುತ್ತಿಗೆ, ಉಳಿ ಹಿಡಿದು ಬಂಡೆಯ ಚಕ್ಕೆಯನ್ನೇ ಎಬ್ಬಿಸುತ್ತಿದ್ದ. ಅವನ ಪುಸ್ತಕ ಓದಿ ಬಂದವರ ಹಿಂಡು ಡೆವನ್ನಿನ ಕುಳಿಗಳನ್ನು ಬರಿದುಮಾಡಿತು, ಅದು ಅವನಿಗೆ ನೋವು ಕೊಟ್ಟಿತೆಂದು ಮಗ ಎಡ್ಮಂಡ್ ಬರೆದಿದ್ದಾನೆ. ನೀವು ಬಿಡಿ ಕಲ್ಲು ಅಥವಾ ಖಾಲಿ ಚಿಪ್ಪಿನ ಮೇಲೆ ಕೂತದ್ದನ್ನೇ ಹುಡುಕಿ, ಕಲ್ಲು ಸಮೇತ ತನ್ನಿ. ಅಮಾವಾಸ್ಯೆ ಅಥವಾ ಹುಣ್ಣಿಮೆಯ ಆಸುಪಾಸಿನ ದೊಡ್ಡ ಇಳಿತ ನೋಡಿಕೊಂಡು ಹೋಗಿ. ಜನವರಿ ಒಳ್ಳೆಯದೇ, ಮಳೆಗಾಲದಲ್ಲಾದರೆ ಕಾಳಿ ನದಿಯ ನೆರೆ ಕೊಲ್ಲಿಯ ನೀರನ್ನೇ ಸಪ್ಪೆ ಮಾಡಿಬಿಡುತ್ತದೆ. ಹವಳ, ಕಡಲಕುದುರೆ, ಕಡಲ ಸೌತೆ ಮುಟ್ಟಲೇಬೇಡಿ, ವನ್ಯಜೀವಿ ಕಾಯ್ದೆಗೆ ಸಿಕ್ಕಿಬೀಳುತ್ತೀರಿ.

ಡಬ್ಬಿಯಲ್ಲಿ ಅರ್ಧ ನೀರು, ಅರ್ಧ ಗಾಳಿ ಇರಲಿ. ದೇವಿಮನೆ ಘಾಟಿ ಹತ್ತುವಾಗ ಕಲ್ಲು ಉರುಳದಂತೆ ಬಟ್ಟೆ ಒತ್ತಿಡಿ. ತಲುಪಿದ ಮೇಲೆ ತೊಟ್ಟಿಯ ನೀರನ್ನು ಡಬ್ಬಿಗೆ ತೊಟ್ಟಿಕ್ಕಿಸುತ್ತ ಒಂದು ಗಂಟೆ ಕೊಟ್ಟು ಆಮೇಲೆ ಬಿಡಿ. ವಾರಕ್ಕೊಮ್ಮೆ ಬಟಾಣಿ ಗಾತ್ರದ ಸಿಗಡಿ ತುಂಡು ಸಾಕು, ಉಗುಳಿದ್ದನ್ನು ಅಂದೇ ತೆಗೆಯಿರಿ. ಮುದುಡಿಕೊಂಡರೆ ಗಾಬರಿ ಬೇಡ. ಬಾಯಿ ತೆರೆದು ಜೋತು, ಬಿಳಿ ಎಳೆ ಬಿಟ್ಟು ನಾರತೊಡಗಿದರೆ ಮಾತ್ರ ತಕ್ಷಣ ಹೊರಗೆ ತೆಗೆದು ಅರ್ಧ ನೀರು ಬದಲಿಸಿ. ಇಲ್ಲವಾದರೆ ಆ ಅಮೋನಿಯಾಕ್ಕೆ ಇನ್ನೊಂದೂ ಹೋಗುತ್ತದೆ.