ಮಕ್ಕಳ ಸಹಾಯವಾಣಿ 1098ಕ್ಕೆ ಹೇಳಿದರೆ ಮಕ್ಕಳನ್ನು ತಾಯಿಯಿಂದ ಅಗಲಿಸುತ್ತಾರೆಯೇ?

ಪ್ರಶ್ನೆ: ನಮಸ್ಕಾರ ಮೇಡಂ. ಬೆಳಗಾವಿಯ ಖಡೇಬಜಾರಿನಲ್ಲಿ ನನ್ನ ಬಟ್ಟೆ ಅಂಗಡಿಯಿದೆ. ಒಂಬತ್ತು-ಹತ್ತು ವರ್ಷದ ಅಣ್ಣ-ತಂಗಿ ದಿನಾಲೂ ಚೀಲ ಹೊತ್ತು ಬಂದು ರಟ್ಟು, ಬಾಟಲಿ, ತಂತಿ ಆಯ್ದು ಭಂಗಾರದ (ಗುಜರಿ) ಅಂಗಡಿಗೆ ಹಾಕುತ್ತಾರೆ. ಮೊನ್ನೆ ಹುಡುಗಿ ಗಾಜು ತಾಗಿದ ಹೆಬ್ಬೆರಳಿಗೆ ಹಾಲಿನ ಪಾಕೀಟಿನ ಚೂರು ಸುತ್ತಿಕೊಂಡು ಬಂದಿದ್ದಳು. ನಾನು ರಟ್ಟನ್ನು ಅವರಿಗೆಂದೇ ತೆಗೆದಿಡುತ್ತೇನೆ. ಅದು ತಪ್ಪೇ? 1098ಕ್ಕೆ ಹೇಳಿದರೆ ತಾಯಿಯಿಂದ ಅಗಲಿಸುತ್ತಾರೆಂಬ ಅಂಜಿಕೆಯೂ ಇದೆ.

ಉತ್ತರ (ಮಕ್ಕಳ ಹಕ್ಕುಗಳ ವಕೀಲೆ): ಮೊದಲು ಆ ಬೆರಳಿನ ಮಾತು. ಕಸದಲ್ಲಿನ ಗಾಜಿನಿಂದಾದ ಗಾಯಕ್ಕೆ ಧನುರ್ವಾಯುವಿನ ಚುಚ್ಚುಮದ್ದು ಬೇಕಾಗಬಹುದು. ತಾಯಿಗೆ ಹೇಳಿ ಇಂದೇ ಸರಕಾರಿ ಆಸ್ಪತ್ರೆಗೆ ಕಳುಹಿಸಿ.

ನಿಮ್ಮ ಅಂಜಿಕೆ ನನಗೆ ಅರ್ಥವಾಗುತ್ತದೆ, ಏಕೆಂದರೆ ಇದೇ ಅಂಜಿಕೆಯಿಂದ ಕನಿಕರವುಳ್ಳವರೇ ಸುಮ್ಮನಾಗುವುದನ್ನು ಕಂಡಿದ್ದೇನೆ. ಕಾನೂನಿಗೆ ವಿರುದ್ಧವಾಗಿ ದುಡಿಯುವ ಮಗುವನ್ನು 2015ರ ಬಾಲನ್ಯಾಯ ಕಾಯ್ದೆಯು ಪಾಲನೆ ಮತ್ತು ರಕ್ಷಣೆ ಬೇಕಾದ ಮಗುವೆಂದು ಕಾಣುತ್ತದೆಯೇ ಹೊರತು ಅಪರಾಧಿಯೆಂದಲ್ಲ. 1098ಕ್ಕೆ ಹೇಳಿದ ಮೇಲೆ ಕರೆತಂದ ಮಗುವನ್ನು 24 ಗಂಟೆಯೊಳಗೆ ಮಕ್ಕಳ ಕಲ್ಯಾಣ ಸಮಿತಿಯ ಮುಂದೆ ಹಾಜರುಪಡಿಸಬೇಕು. ಸಮಿತಿ ಮನೆಯ ಸ್ಥಿತಿಯನ್ನು ವಿಚಾರಿಸುತ್ತದೆ. ಬಾಲಮಂದಿರಕ್ಕೆ ಸೇರಿಸುವುದು ಬೇರೆ ದಾರಿಯಿಲ್ಲದಾಗಿನ ಕೊನೆಯ ಕ್ರಮವೆಂಬುದು ಆ ಕಾಯ್ದೆಯದೇ ತತ್ವ.

ಭಂಗಾರದ ಅಂಗಡಿಯವರು ಈ ಮಕ್ಕಳನ್ನು ಕೂರಿಸಿ ಸಾಮಾನು ಬೇರ್ಪಡಿಸುವ ಕೆಲಸ ಮಾಡಿಸುತ್ತಿದ್ದರೆ ಅದನ್ನೂ ತಿಳಿಸಿ. ಬಾಲಕಾರ್ಮಿಕ ಕಾಯ್ದೆಯ 2016ರ ತಿದ್ದುಪಡಿಯ ನಂತರ 14 ವರ್ಷದೊಳಗಿನವರನ್ನು ದುಡಿಸಿಕೊಂಡವರಿಗೆ 6 ತಿಂಗಳಿಂದ 2 ವರ್ಷದವರೆಗೆ ಜೈಲು, 20,000ದಿಂದ 50,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ ಆಗಬಹುದು. ಮನೆಯವರಿಗೆ ನೆರವಾಗಲು ಇರುವ ವಿನಾಯಿತಿ ಶಾಲೆಯ ಹೊತ್ತು ಮುಗಿದ ಮೇಲೆ ಅಥವಾ ರಜೆಯಲ್ಲಿ, ಅದೂ ಅಪಾಯವಿಲ್ಲದ ಕೆಲಸಕ್ಕೆ ಮಾತ್ರ.

ರಟ್ಟು ಕೊಡುವುದು ತಪ್ಪಲ್ಲ, ಆದರೆ ಮಕ್ಕಳ ಕೈಗೆ ಕೊಡಬೇಡಿ. ನಿಮ್ಮ ರಟ್ಟಿಗಾಗಿಯೇ ಅವರು ಬೆಳಿಗ್ಗೆ ನಿಮ್ಮ ಬಾಗಿಲಿಗೆ ಬರುವಂತಾಗುತ್ತದೆ. ತಾಯಿಯೇ ಬಂದು ಒಯ್ಯಲಿ. ಚಿಂದಿ ಆಯುವವರನ್ನು ಗುರುತಿಸಿ ಕಸ ನಿರ್ವಹಣೆಯಲ್ಲಿ ಸೇರಿಸಿಕೊಳ್ಳಬೇಕೆಂದು 2016ರ ಘನತ್ಯಾಜ್ಯ ನಿಯಮಗಳೇ ಸ್ಥಳೀಯ ಸಂಸ್ಥೆಗಳಿಗೆ ಹೇಳಿದ್ದವು. ಆಕೆಯ ಪರವಾಗಿ ಪಾಲಿಕೆಗೆ ಒಂದು ಅರ್ಜಿ ಬರೆದುಕೊಡಿ.

ಮರುಪ್ರಶ್ನೆ: ತಾಯಿಯನ್ನು ಕೇಳಿದೆ ಮೇಡಂ. ಜನನ ಪ್ರಮಾಣಪತ್ರವಿಲ್ಲ, ಹುಡುಗ ಎರಡನೆಯ ಇಯತ್ತೆಗೇ ಶಾಲೆ ಬಿಟ್ಟಿದ್ದಾನೆ ಎಂದರು.

ಉತ್ತರ: ವಯಸ್ಸಿನ ದಾಖಲೆಯಿಲ್ಲವೆಂದು ಶಾಲೆ ಪ್ರವೇಶ ನಿರಾಕರಿಸುವಂತಿಲ್ಲ. 2009ರ ಶಿಕ್ಷಣ ಹಕ್ಕು ಕಾಯ್ದೆಯ ಪ್ರಕಾರ ಹುಡುಗನನ್ನು ಅವನ ವಯಸ್ಸಿಗೆ ತಕ್ಕ ತರಗತಿಗೇ ಸೇರಿಸಿಕೊಂಡು, ಹಿಂದುಳಿದ ಪಾಠಕ್ಕೆ ವಿಶೇಷ ತರಬೇತಿ ಕೊಡಬೇಕು. ಚಿಕ್ಕ ಮಕ್ಕಳ ನಡುವೆ ಕೂರಿಸಿದರೆ ಅವನು ನಾಚಿ ಮತ್ತೆ ಚೀಲ ಹಿಡಿಯುತ್ತಾನೆ. ಮುಖ್ಯೋಪಾಧ್ಯಾಯರಿಗೆ ಇದನ್ನು ಒತ್ತಿ ಹೇಳಿ. ಮೊದಲ ದಿನ ತಾಯಿಯ ಜೊತೆ ನೀವೂ ಶಾಲೆಗೆ ಹೋಗಿ.