ಮೈನಸ್ 29 ‘ಜಾಸ್ತಿ’ನೋ ‘ಕಮ್ಮಿ’ನೋ?

ನಮಸ್ಕಾರ. ಇಂಟರ್ನೆಟ್ ಫೈಬರ್ ಕೆಲಸಕ್ಕೆ ಹೊಸದಾಗಿ ಸೇರುವ ಹುಡುಗರಿಗಾಗಿ ಕನ್ನಡದಲ್ಲಿ ಒಂದು ಚಿಕ್ಕ ಕೈಪಿಡಿ ಬರೆಯುತ್ತಿದ್ದೇನೆ. ಫೈಬರಿನಲ್ಲಿ ಬರುವ ಬೆಳಕನ್ನು ಅಳೆಯುವ ಪವರ್ ಮೀಟರ್ ಓದುವ ಪುಟಕ್ಕೆ ಬಂದು ನಿಂತುಬಿಟ್ಟಿದ್ದೇನೆ. ತೊಡಕು ಲೆಕ್ಕದ್ದಲ್ಲ, ಮಾತಿನದು.

ಹೋದ ತಿಂಗಳು ಒಂದು ಮನೆಯಲ್ಲಿ ನೆಟ್ ಹೋಗಿತ್ತು. ಮೋಡೆಮ್ಮಿನ ಕೆಂಪು ದೀಪ ಮಿಣುಕುತ್ತಿತ್ತು. ನಾನು ಹೊರಗೆ ಕಂಬದ ಹತ್ತಿರ ಇದ್ದೆ. ಒಳಗಿಂದ ಹುಡುಗ ಫೋನ್ ಮಾಡಿ, “ಅಣ್ಣಾ, ಮೀಟರ್ ಜಾಸ್ತಿನೇ ತೋರಿಸ್ತೈತೆ” ಅಂದ. ಬೆಳಕು ಚೆನ್ನಾಗಿಯೇ ಬರ್ತಿದೆ ಅಂದುಕೊಂಡು ಮೋಡೆಮ್ ಬದಲಿಸಲು ಹೇಳಿದೆ. ಆಮೇಲೂ ಅದೇ ಕೆಂಪು. ಒಳಗೆ ಹೋಗಿ ನೋಡಿದರೆ ಮೀಟರಿನಲ್ಲಿ ಮೈನಸ್ 29! ಟಿವಿ ಸ್ಟ್ಯಾಂಡಿನ ಹಿಂದೆ ತಂತಿ ಮಡಚಿಕೊಂಡಿತ್ತು. ಬಿಡಿಸಿ ಸಡಿಲ ಮಾಡಿದ ಕೂಡಲೇ ಮೈನಸ್ 21, ದೀಪ ಹಸಿರು. ಹುಡುಗ ಹೇಳಿದ್ದು ಸುಳ್ಳಲ್ಲ. 21ಕ್ಕಿಂತ 29 ಜಾಸ್ತಿಯೇ ಅಲ್ವಾ?

ಮೀಟರ್ ತೋರಿಸುವುದು ಡಿಬಿಎಂ. ‘ಡಿಬಿ’ ಅಂದರೆ ಡೆಸಿಬೆಲ್, ಕೊನೆಯ ‘ಎಂ’ ಅಂದರೆ ಮಿಲಿವ್ಯಾಟ್. 1 ಮಿಲಿವ್ಯಾಟ್ ಬೆಳಕನ್ನು 0 ಅಂತ ಇಟ್ಟುಕೊಂಡು, ಅಲ್ಲಿಂದ ಎಷ್ಟು ಮೇಲೆ, ಎಷ್ಟು ಕೆಳಗೆ ಅಂತ ಎಣಿಸುತ್ತಾರೆ. 10 ಇಳಿದರೆ ಬೆಳಕು ಹತ್ತರಲ್ಲೊಂದು ಪಾಲು. ಮೈನಸ್ 20 ನೂರರಲ್ಲೊಂದು, ಮೈನಸ್ 30 ಸಾವಿರದಲ್ಲೊಂದು. ಒಂದೇ ಫೈಬರನ್ನು ಹಲವು ಮನೆಗಳಿಗೆ ಹಂಚುವ ‘ಜಿಪಾನ್’ ಅನ್ನೋ ಜಾಲದಲ್ಲಿ ಬಿ ಪ್ಲಸ್ ದರ್ಜೆಯ ಮೋಡೆಮ್ಮಿಗೆ ಮೈನಸ್ 27ರವರೆಗೆ ಸಾಕು. ಅಂದರೆ ಮಿಲಿವ್ಯಾಟಿನ ಐನೂರರಲ್ಲೊಂದು ಪಾಲು ಬೆಳಕು! ಅದಕ್ಕಿಂತ ಕೆಳಗೆ ಹೋದರೆ ಕಷ್ಟ.

ಬಾವಿಯ ವಿಷಯದಲ್ಲಿ ನಾವು ಹೀಗೆ ಎಡವುವುದಿಲ್ಲ ನೋಡಿ. ‘ನೀರು ಮೂವತ್ತಡಿಗೆ ಇಳಿದಿದೆ’ ಅಂತೀವಿ. ಮೂವತ್ತು ದೊಡ್ಡ ಸಂಖ್ಯೆ ಅಂತ ‘ನೀರು ಜಾಸ್ತಿ ಆಗಿದೆ’ ಅಂತ ಯಾರೂ ಅನ್ನಲ್ಲ. ಅದಕ್ಕೇ ಕೈಪಿಡಿಯಲ್ಲಿ ಜಾಸ್ತಿ, ಕಮ್ಮಿ ಎರಡನ್ನೂ ಬಿಟ್ಟು, ‘29ಕ್ಕೆ ಇಳಿದಿದೆ’, ‘21ಕ್ಕೆ ಏರಿದೆ’ ಅಂತ ಬರೆಯೋಣ ಅಂದುಕೊಂಡಿದ್ದೇನೆ.

ಎರಡನೆಯ ತೊಡಕು: ಡಿಬಿ, ಡಿಬಿಎಂ ಎರಡಕ್ಕೂ ನಾವು ಸುಮ್ನೆ ‘ಡಿಬಿ’ ಅಂತೀವಿ. ಡಿಬಿಎಂ ಒಂದು ಜಾಗದಲ್ಲಿ ಬೆಳಕು ಎಷ್ಟಿದೆ ಅಂತ ಹೇಳುತ್ತದೆ. ಬರೀ ಡಿಬಿ ಎರಡು ಜಾಗಗಳ ನಡುವಿನ ವ್ಯತ್ಯಾಸ. ಆ ಮನೆಯಲ್ಲಿ ತಂತಿಯ ಮಡಿಕೆ ನುಂಗಿದ್ದು 8 ಡಿಬಿ, ‘8 ಡಿಬಿಎಂ’ ಅಂದರೆ ತಪ್ಪು. +3 ಡಿಬಿಎಂ ಕಳಿಸಿ, ದಾರಿಯಲ್ಲಿ 20 ಡಿಬಿ ಹೋದರೆ, ಮನೆಗೆ ತಲುಪುವುದು ಮೈನಸ್ 17 ಡಿಬಿಎಂ. ಡಿಬಿಎಂನಲ್ಲಿ ಹೇಳುವುದಕ್ಕೆ ‘ಮಟ್ಟ’, ಬರೀ ಡಿಬಿಯಲ್ಲಿ ಹೇಳುವುದಕ್ಕೆ ‘ಇಳಿತ’ ಅಂದರೆ ಹೇಗೆ? ‘ನಷ್ಟ’ ಅಂದರೆ ದುಡ್ಡಿನ ನೆನಪಾಗುತ್ತದೆ. ‘ಸೋರಿಕೆ’ಯೂ ಒಪ್ಪಲ್ಲ. ಒಂದು ಫೈಬರನ್ನು ಹಲವು ಕವಲು ಮಾಡುವ ಸ್ಪ್ಲಿಟರಿನಲ್ಲಿ ಬೆಳಕು ಮುಖ್ಯವಾಗಿ ಹಂಚಿಹೋಗುವುದು, ಸೋರುವುದಲ್ಲ.

ಹಂಚಿಕೆ ಅಂದಾಗ ಅಜ್ಜಿಯ ಅಕ್ಕಿ ಡಬ್ಬ ನೆನಪಾಯಿತು. 3 ಡಿಬಿ ಇಳಿದರೆ ಬೆಳಕು ಹೆಚ್ಚುಕಮ್ಮಿ ಅರ್ಧ. 6 ಇಳಿದರೆ ಕಾಲು. 9 ಇಳಿದರೆ ಅದರಲ್ಲೂ ಅರ್ಧ. ಸೇರು, ಅಚ್ಚೇರು, ಪಾವು, ಅರೆಪಾವು ಅಂತ ಅವರು ಅಳೆಯುತ್ತಿದ್ದದ್ದೂ ಇದೇ ಮೆಟ್ಟಿಲಲ್ಲಿ. ಒಂದನ್ನು ಎಂಟು ಮಾಡುವ ಸ್ಪ್ಲಿಟರ್ ಮನೆಮನೆಗೆ ಕೊಡುವುದು ಅರೆಪಾವು. ನಿಜವಾಗಿ ಅಳೆದರೆ 9 ಅಲ್ಲ, ಸುಮಾರು 10 ಡಿಬಿ ಇಳಿದಿರುತ್ತದೆ, ಸ್ಪ್ಲಿಟರೂ ಸ್ವಲ್ಪ ತಿನ್ನುತ್ತದೆ. ಈ ಲೆಕ್ಕ ಹೇಳಿಕೊಟ್ಟಾಗ ಆ ಹುಡುಗನಿಗೆ ಒಂದೇ ಸಲಕ್ಕೆ ಹತ್ತಿತು.

ಈಗ ನನ್ನ ಪ್ರಶ್ನೆ. ‘ಮಟ್ಟ’, ‘ಇಳಿತ’ ನಿಮ್ಮ ಕಿವಿಗೆ ಸರಿ ಕೇಳಿಸುತ್ತವಾ? ನಿಮ್ಮ ಊರಿನ ಲೈನ್‌ಮನ್‌ಗಳು ಬೇರೆ ಏನಾದರೂ ಅಂತಾರಾ? ಇನ್ನು, ಅರೆಪಾವಿನ ಅರ್ಧಕ್ಕೆ ನಿಮ್ಮ ಕಡೆ ಯಾವ ಹೆಸರು? ಹದಿನಾರು ಮನೆಗೆ ಹಂಚುವ ಸ್ಪ್ಲಿಟರಿನ ಪುಟ ಅಲ್ಲೇ ನಿಂತಿದೆ.